ಏಕೆಂದರೆ

ಬಾಗಿಲಲ್ಲೇ ಬೂಟಿನ ಹಿಮ ಕೊಡವಿ
ಹೆಲ್ವೆ ಒಳಗೆ ಬಂದದ್ದು ಮಂಗಳವಾರ, ಹತ್ತು ಗಂಟೆಗೆ.
ಸರದಿಚೀಟಿ ಹರಿದುಕೊಳ್ಳಲಿಲ್ಲ. ಸರದಿಯೇ ಇರಲಿಲ್ಲ.
ಫೆಬ್ರವರಿಯಲ್ಲಿ, ಸಾರೆಮಾ ದ್ವೀಪದ ಕಚೇರಿಗೆ
ಯಾರು ಬರುತ್ತಾರೆ?

ಮೇಜಿನ ಮೇಲೆ ನಮ್ಮದೇ ಕಾಗದ ಬಿಡಿಸಿಟ್ಟಳು,
ನಾಲ್ಕು ಮಡಿಕೆ, ಮೂಲೆಯಲ್ಲಿ ಮೀನೆಣ್ಣೆಯ ಬೆರಳಚ್ಚು.
"ಓದು ತಾನೆಲ್," ಎಂದಳು. ಓದಲು ಬಾರದವಳಲ್ಲ,
ನನ್ನಪ್ಪನಿಗೂ ನನಗೂ ವ್ಯಾಕರಣ ಕಲಿಸಿದವಳು.

ಓದಿದೆ:
'ದಡದಲ್ಲಿ ಮೀನಿಗೆ ಹೊಗೆ ಹಾಕುವ ಗುಡಿಸಲನ್ನು
ಮರಳಿ ಕಟ್ಟಲು ತಾವು ಸಲ್ಲಿಸಿದ ಅರ್ಜಿಯನ್ನು
ಪರಿಶೀಲಿಸಲಾಗಿ, ತಿರಸ್ಕರಿಸಲಾಗಿದೆ.'
ಕೆಳಗೆ ಮೊಹರು. ಮೊಹರಿನಡಿ ನನ್ನ ಸಹಿ.

"ಕರ್ತೃ ಎಲ್ಲಿ?"
"ಯಾರು?"
"ವಾಕ್ಯದ ಕರ್ತೃವಪ್ಪ. ಕ್ರಿಯೆ ಇದೆ, ಮುಗಿದೂ ಹೋಗಿದೆ.
ಕರ್ಮ ಇದೆ, ಅದು ನನ್ನದು.
ಮಾಡಿದವನು ಎಲ್ಲಿ ಅಡಗಿದ?"

ನಿಯಮ ಎಂದೆ. ಯಾವುದು ಎಂದಳು.
ಮೇಲಿನವರು ಎಂದೆ.
ಅವಳು ನಿಜಕ್ಕೂ ತಲೆಯೆತ್ತಿ ನೋಡಿದಳು:
ಟ್ಯೂಬ್‌ಲೈಟಿನ ಗಾಜಿನೊಳಗೆ ಸತ್ತ ಎರಡು ನೊಣ.

"ಬಿರುಗಾಳಿ ನಮ್ಮ ದೋಣಿ ಎಳೆದೊಯ್ದಿತ್ತು,
ಆಗ ನಾನು ಕಾರಣ ಕೇಳಲಿಲ್ಲ, ಸಮುದ್ರಕ್ಕೆ ಬಾಯಿಲ್ಲ.
ಅಪ್ಪನನ್ನು ಲಾರಿ ಹತ್ತಿಸಿದಾಗ ನನಗೆ ಆರು ವರ್ಷ.
ಅವತ್ತೂ ಒಂದು ಕಾಗದ ಓದಿದರು.
ಅದೂ 'ಲಾಗಿದೆ' ಎಂದೇ ಮುಗಿದಿತ್ತು.
ಇಲ್ಲ ಎನ್ನು, ತಡೆದುಕೊಳ್ಳುತ್ತೇನೆ.
ಆದರೆ ಇಲ್ಲದ ಹಿಂದೆ ಏನಾದರೂ ಇರಲಿ."

ಹೋದಳು. ನೆಲದ ಮೇಲೆ ಅವಳ ಬೂಟಿನ ನೀರು.

ಕಡತ ತೆಗೆದೆ. ಹನ್ನೊಂದು ಹಾಳೆ.
ನಿವೃತ್ತಳಾದ ಉರ್ವೆ ಪೆನ್ಸಿಲಿನಲ್ಲಿ ಹಾಕಿದ ಒಂದು ಅಡ್ಡಗೆರೆ,
ಪಕ್ಕದಲ್ಲಿ ಕಾಫಿಲೋಟದ ದುಂಡು ಕಲೆ,
'ಕಾರಣ' ಎಂಬ ಚೌಕದೊಳಗೆ ಚೌಕದಷ್ಟೇ ಬಿಳುಪು.
ಆ ಬಿಳುಪಿನ ಕೆಳಗೆ ನಾನು ಸಹಿ ಮಾಡಿದ್ದೆ,
ಊಟದ ಹೊತ್ತು ಆಗಿತ್ತು ಅಂತ ಕಾಣುತ್ತದೆ.

ಕಾನೂನು ಪುಸ್ತಕದಲ್ಲಿ ಐವತ್ತಾರನೇ ಕಲಮು:
ಬರೆದು ಕೊಟ್ಟ ನಿರ್ಧಾರಕ್ಕೆ ಬರೆದ ಕಾರಣವೂ ಬೇಕು.
ಪರೀಕ್ಷೆಗೆಂದು ಉರು ಹೊಡೆದಿದ್ದೆ.
ಎಷ್ಟು ಅಂಕ ಬಂತು, ನೆನಪಿಲ್ಲ.

ಸಂಜೆ ಟೈಪಿಸಲು ಕೂತೆ: ಏಕೆಂದರೆ
ಅಲ್ಲೇ ನಿಂತೆ.
ಒಡೆದು ನೋಡಿದರೆ ಏಕೆ, ಎಂದರೆ.
ಏಕೆ ಎಂದು ಎದುರಿಗೊಬ್ಬರು ಕೇಳಿದರೆ ಮಾತ್ರ
ಹುಟ್ಟುವ ಪದ ಇದು.
ಇಷ್ಟು ವರ್ಷ ಎದುರಿನ ಕುರ್ಚಿಯಲ್ಲಿ
ನಾನು ಯಾರನ್ನು ಕೂರಿಸಿದ್ದೆ?

ನಕ್ಷೆ ಹರಡಿ ಸ್ಕೇಲಿಟ್ಟು ಅಳೆದೆ. ಕಾರಣ ಇತ್ತು,
ಅಷ್ಟು ದೊಡ್ಡದೇನಲ್ಲ:
ನೀರಂಚಿನಿಂದ ಬಿಡಬೇಕಾದ ದೂರಕ್ಕೆ
ಗುಡಿಸಲ ಕಲ್ಲುಪಾಯ ನಾಲ್ಕು ಹೆಜ್ಜೆ ಕಡಿಮೆ.
ಹೊಸ ಕಾಗದದಲ್ಲಿ ಬರೆದೆ:
'ನಾನು ನಿಮ್ಮ ಅರ್ಜಿಯನ್ನು ತಿರಸ್ಕರಿಸಿದ್ದೇನೆ, ಏಕೆಂದರೆ...'
ನಾನು ಎಂಬಲ್ಲಿ ಬೆರಳು ತುಸು ತಡವರಿಸಿತು,
ಸಭೆಯಲ್ಲಿ ಎದ್ದು ನಿಂತವನ ಮೊಣಕಾಲಿನ ಹಾಗೆ.

ಎಂಟು ದಿನಕ್ಕೆ ಆ ಕಾಗದವೇ ಮರಳಿ ಬಂತು.
ಕೆಂಪು ಶಾಯಿ. 'ನಾನು' ಪದಕ್ಕೊಂದು ಸರಿ ಗುರುತು.
ಒಂದು ಅಲ್ಪವಿರಾಮ ತಿದ್ದಿದ್ದಳು.
ನಾಲ್ಕು ಹೆಜ್ಜೆಯ ಸುತ್ತ ಒಂದು ವೃತ್ತ, ಅಂಚಿನಲ್ಲಿ:

'ನಕ್ಷೆ ಯಾವ ಕಾಲದ್ದು? ನನ್ನ ಮದುವೆಯ ವರ್ಷದ್ದಿರಬೇಕು.
ಈ ದ್ವೀಪ ಏಳುತ್ತಿದೆ ಮಗು, ಕೂದಲೆಳೆ ಕೂದಲೆಳೆಯಾಗಿ.
ಆಗ ನಾನು ಬಟ್ಟೆ ಒಗೆಯುತ್ತಿದ್ದ ಬಂಡೆಯ ಸುತ್ತ
ಈಗ ಕುರಿ ಮೇಯುತ್ತವೆ.
ಸಮುದ್ರ ಹಿಂದೆ ಸರಿದಿದೆ, ನಿಮ್ಮ ಗೆರೆ ಸರಿದಿಲ್ಲ.
ಕಾರಣ ಕೊಟ್ಟದ್ದು ಒಳ್ಳೆಯದಾಯಿತು,
ತಪ್ಪು ಎಲ್ಲಿದೆ ಅಂತ ಕಂಡಿತು.'

ಅಳತೆಪಟ್ಟಿಯ ಒಂದು ತುದಿ ಅವಳ ಕೈಯಲ್ಲಿ,
ಇನ್ನೊಂದು ಹಿಡಿದು ನಾನು ನೀರಿನತ್ತ ನಡೆಯುತ್ತಿದ್ದೇನೆ.
ಮಂಜುಗಡ್ಡೆಯ ಮೇಲೆ ಹೊಸ ಹಿಮ ಬಿದ್ದಿದೆ.
ದಡ ಎಲ್ಲಿ ಮುಗಿಯಿತು, ತಿಳಿಯುತ್ತಿಲ್ಲ.
"ಇನ್ನೂ ಮುಂದೆ," ಎಂದು ಕೂಗುತ್ತಾಳೆ.
"ಏಕೆ?" ಎನ್ನುತ್ತೇನೆ.
ಹೇಳುತ್ತಾಳೆ.